ಎಲೆಯ ಬಾಗಿಲು



ಇಂದು ಎಲೆಯ ಮಾತು. ಉಣ್ಣಲು ಹಾಸುವ ಎಲೆಯಲ್ಲ, ಗಿಡದ ಮೈಮೇಲಿರುವ ಎಲೆ. ಈ ಸಭೆಯಲ್ಲಿ ಕುಳಿತವರಲ್ಲಿ ಬಹಳ ಮಂದಿ ಒಕ್ಕಲುತನದವರು. ಹಾನಗಲ್ಲ ಕಡೆಯವರದು ಭತ್ತ, ಮಾವು. ಹಿರೇಕೆರೂರಿನವರದು ಗೋವಿನಜೋಳ, ಹತ್ತಿ. ಶಿಗ್ಗಾಂವಿಯವರದೂ ಹೆಚ್ಚುಕಡಿಮೆ ಅದೇ. ಸವಣೂರಿನವರಿಗೆ ಎಲೆ ಎಂದೊಡನೆ ಎಲೆಬಳ್ಳಿಯೇ ಕಣ್ಣಿಗೆ ಕಟ್ಟುತ್ತದೆ. ಸವಣೂರ ಎಲೆ ಎಂದರೆ ಊರೂರಿಗೆ ಹೆಸರಾದದ್ದು. ಇಂಥವರ ಮುಂದೆ ಕುಳಿತು ಎಲೆಯ ವಿಷಯ ಹೇಳುವುದೆಂದರೆ ಅಕ್ಕಸಾಲಿಗನಿಗೆ ಬಂಗಾರದ ಬಣ್ಣ ಹೇಳಿಕೊಟ್ಟ ಹಾಗೆ. ಆದರೂ ಒಂದು ಪ್ರಶ್ನೆ ಕೇಳುತ್ತೇನೆ. ಹೊಲಕ್ಕೆ ಹಾಯಿಸಿದ ನೀರು ಎಲ್ಲಿಗೆ ಹೋಗುತ್ತದೆ?

ಬೆಳೆ ಕುಡಿಯಿತು ಎನ್ನುತ್ತೀರಿ. ಸರಿ. ಕುಡಿದ ನೀರು ಗಿಡದಲ್ಲಿ ಉಳಿಯಿತೆ? ಬೇರು ನೂರು ಕೊಡ ನೀರು ಎಳೆದುಕೊಂಡರೆ ತೊಂಬತ್ತೈದು ಕೊಡಕ್ಕೂ ಹೆಚ್ಚು ನೀರು ಎಲೆಯಿಂದ ಆವಿಯಾಗಿ ಆಕಾಶಕ್ಕೆ ಹೋಗುತ್ತದೆ. ಗಿಡ ತನ್ನ ಮೈಗೆಂದು ಇಟ್ಟುಕೊಳ್ಳುವುದು ನಾಲ್ಕೈದು ಕೊಡವೂ ಇಲ್ಲ. ನೀವು ಹೊಂಡದಿಂದ, ಬೋರಿನಿಂದ, ಕಾಲುವೆಯಿಂದ ಕಷ್ಟಪಟ್ಟು ತಂದ ನೀರು ಹೀಗೆ ಕಣ್ಣಿಗೆ ಕಾಣದೆ ಹೋಗುತ್ತದೆ. ಇದನ್ನು ಕೇಳಿದರೆ ರೈತನ ಹೊಟ್ಟೆ ಉರಿಯಬೇಕು. ಗಿಡ ಇಷ್ಟು ದುಂದುಗಾರನೆ ಎನಿಸಬೇಕು.

ಇದನ್ನು ತೂಗಿ ನೋಡಿದವನು ಇಂಗ್ಲೆಂಡಿನ ಒಬ್ಬ ಪಾದ್ರಿ. ಸ್ಟೀಫನ್ ಹೇಲ್ಸ್ ಎಂದು ಅವನ ಹೆಸರು. ಪ್ರಾರ್ಥನೆ, ಉಪದೇಶ ಮಾಡಿಕೊಂಡು ಸುಮ್ಮನಿರಬಹುದಿತ್ತು. ಅವನು ತಕ್ಕಡಿ ಹಿಡಿದು ಕುಳಿತ. 1724ರ ಜುಲೈ ತಿಂಗಳಲ್ಲಿ ಒಂದು ಕುಂಡದಲ್ಲಿ ಬೆಳೆದ ಮೂರೂವರೆ ಅಡಿ ಎತ್ತರದ ಸೂರ್ಯಕಾಂತಿ ಗಿಡವನ್ನು ತಂದ. ಮಣ್ಣಿನಿಂದ ನೀರು ಆರಿಹೋಗದಂತೆ ಕುಂಡದ ಬಾಯಿಯನ್ನು ಸೀಸದ ತಗಡಿನಿಂದ ಮುಚ್ಚಿದ. ನೀರೆರೆಯಲು ಒಂದು ಸಣ್ಣ ಕೊಳವೆ ಬಿಟ್ಟ. ಆಗಸ್ಟ್ ತಿಂಗಳವರೆಗೆ ಹದಿನೈದು ದಿನ ಮುಂಜಾನೆ ಒಂದು ಸಲ, ಸಂಜೆ ಒಂದು ಸಲ ತೂಗಿದ. ಹಗಲಿನ ಹನ್ನೆರಡು ತಾಸಿನಲ್ಲಿ ಆ ಗಿಡ ಸರಾಸರಿ ಇಪ್ಪತ್ತು ಔನ್ಸ್, ಎಂದರೆ ನಮ್ಮ ಲೆಕ್ಕದಲ್ಲಿ ಅರ್ಧ ಕಿಲೋಕ್ಕೂ ಮೇಲೆ ನೀರನ್ನು ಬಿಡುತ್ತಿತ್ತು. ಗಾತ್ರಕ್ಕೆ ಗಾತ್ರ ಹೋಲಿಸಿದರೆ ಒಬ್ಬ ಮನುಷ್ಯನಿಗಿಂತ ಆ ಗಿಡದ ಮೈಯಲ್ಲಿ ಹದಿನೇಳು ಪಟ್ಟು ಹೆಚ್ಚು ನೀರು ಹಾದುಹೋಗುತ್ತದೆ ಎಂದು ಲೆಕ್ಕ ಹಾಕಿದ. 1727ರಲ್ಲಿ ಅದನ್ನೆಲ್ಲ ಪುಸ್ತಕ ಮಾಡಿದ. ಪರಿಶೀಲಿಸಿ ನೋಡುವ ಬುದ್ಧಿ ಯಾರಲ್ಲಿದ್ದರೂ ದೊಡ್ಡದು. ಅದಕ್ಕೆ ಅವನ ಹೆಸರು ಇಲ್ಲಿ ತೆಗೆದೆ.

ಈ ನೀರು ಹೋಗುವುದು ಯಾವ ದಾರಿಯಿಂದ? ಮನೆಯಲ್ಲಿ ಮಕ್ಕಳ ಕೈಯಲ್ಲಿ ಇದನ್ನು ಮಾಡಿಸಿರಿ. ಒಂದೇ ಅಳತೆಯ ಮೂರು ಮಾವಿನೆಲೆ ಕಿತ್ತು ತನ್ನಿರಿ. ಒಂದಕ್ಕೆ ಮೇಲ್ಮೈಗೆ ವ್ಯಾಸಲೀನ್ ಹಚ್ಚಿರಿ, ಇನ್ನೊಂದಕ್ಕೆ ಕೆಳಮೈಗೆ ಹಚ್ಚಿರಿ, ಮೂರನೆಯದಕ್ಕೆ ಏನೂ ಬೇಡ. ತೊಟ್ಟಿನ ತುದಿಗೂ ಸ್ವಲ್ಪ ಬಳಿದು ನೆರಳಿನಲ್ಲಿ ದಾರಕ್ಕೆ ಕಟ್ಟಿ ತೂಗುಹಾಕಿರಿ. ಮೂರು ನಾಲ್ಕು ದಿನದ ಮೇಲೆ ನೋಡಿದರೆ ಕೆಳಮೈಗೆ ಹಚ್ಚಿದ ಎಲೆ ಮಾತ್ರ ಹಸಿಯಾಗಿ ಉಳಿದಿರುತ್ತದೆ. ಉಳಿದೆರಡೂ ಮುರುಟಿರುತ್ತವೆ. ಎಂದ ಮೇಲೆ ಮಾವಿನೆಲೆಯ ಬಾಗಿಲು ಕೆಳಗಡೆ ಇದೆ ಎಂದಾಯಿತು. ಬಿಸಿಲು ಬೀಳುವುದು ಮೇಲೆ, ಬಾಗಿಲು ನೆರಳಿನ ಕಡೆ. ಕೆರೆಯ ಮೇಲೆ ತೇಲುವ ತಾವರೆಯೆಲೆಗೆ ಕೆಳಗೆ ನೀರು, ಅಲ್ಲಿ ಬಾಗಿಲಿಟ್ಟರೆ ಉಪಯೋಗವಿಲ್ಲ. ಅದರ ಬಾಗಿಲು ಮೇಲ್ಗಡೆಗೆ. ಜೋಳಕ್ಕೆ, ಗೋವಿನಜೋಳಕ್ಕೆ ಎರಡೂ ಕಡೆಗೆ.

ಬಾಗಿಲು ಎಂದೆನಲ್ಲ, ಅದನ್ನು ಶಾಲೆಯ ಪುಸ್ತಕದಲ್ಲಿ ಪತ್ರರಂಧ್ರ ಎನ್ನುತ್ತಾರೆ. ಬರಿಗಣ್ಣಿಗೆ ಕಾಣದು. ಎಷ್ಟೋ ಗಿಡಗಳಲ್ಲಿ ಒಂದು ಮಿಲಿಮೀಟರ್ ಉದ್ದಗಲದ ಚೌಕದಲ್ಲಿ, ಎಂದರೆ ಒಂದು ಸಾಸಿವೆ ಕಾಳು ಕೂಡುವಷ್ಟು ಜಾಗದಲ್ಲಿ, ನೂರರಿಂದ ಮುನ್ನೂರು ರಂಧ್ರಗಳಿರುತ್ತವೆ. ಇಷ್ಟಿದ್ದರೂ ಎಲ್ಲ ರಂಧ್ರಗಳ ಬಾಯಿ ಸೇರಿಸಿ ಅಳೆದರೆ ಎಲೆಯ ಅಗಲದಲ್ಲಿ ನೂರಕ್ಕೆ ಒಂದೆರಡು ಪಾಲು ಆದೀತು. ಸೋಜಿಗವೆಂದರೆ ಆ ಒಂದೆರಡು ಪಾಲಿನ ಬಾಯಿಯಿಂದಲೇ, ಅಷ್ಟೇ ಅಗಲದ ತೆರೆದ ನೀರಿನ ತಟ್ಟೆಯಿಂದ ಆರುವ ನೀರಿನ ಅರ್ಧದಷ್ಟು ಆರಿಹೋಗಬಲ್ಲದು. ಸಣ್ಣ ಸಣ್ಣ ರಂಧ್ರಗಳು ದೂರ ದೂರ ಇದ್ದಾಗ ಆವಿ ಪ್ರತಿಯೊಂದರ ಬಾಯಿಯಿಂದಲೂ ಸುತ್ತ ಹರಡಿಕೊಂಡು ಸಲೀಸಾಗಿ ಹೋಗುತ್ತದೆ.

ಹಾಗಾದರೆ ಆ ಬಾಗಿಲನ್ನು ಮುಚ್ಚಿಬಿಡಬಾರದೆ? ಕೆಳಮೈಗೆ ವ್ಯಾಸಲೀನ್ ಹಚ್ಚಿದ ಎಲೆ ಹಸಿಯಾಗಿ ಉಳಿಯಿತಲ್ಲ, ಇಡೀ ಹೊಲಕ್ಕೆ ಎಣ್ಣೆ ಸಿಂಪಡಿಸಿದರೆ ನೀರು ಉಳಿಯಿತಲ್ಲ? ಇಲ್ಲಿದೆ ನೋಡಿರಿ ಗಿಡದ ಸಂಕಟ. ಗಿಡ ಅನ್ನ ಮಾಡಿಕೊಳ್ಳುವುದು ಗಾಳಿಯಿಂದ. ಗಾಳಿಯಲ್ಲಿ ಇಂಗಾಲದ ಡೈಆಕ್ಸೈಡ್ ಎಂಬುದಿದೆ. ಹತ್ತು ಸಾವಿರ ಪಾಲು ಗಾಳಿಯಲ್ಲಿ ಅದು ನಾಲ್ಕು ಪಾಲಿಗಿಂತ ತುಸು ಹೆಚ್ಚು, ಅಷ್ಟೇ. ಆ ನಾಲ್ಕು ಪಾಲು ಒಳಗೆ ಬರಬೇಕಾದರೂ ಇದೇ ಬಾಗಿಲು. ಒಳಗಿನ ಗೋಡೆಗಳು ಯಾವಾಗಲೂ ತೊಯ್ದಿರುತ್ತವೆ. ಬಾಗಿಲು ತೆರೆದೊಡನೆ ಆವಿ ಹೊರಕ್ಕೆ ನುಗ್ಗುತ್ತದೆ. ಒಂದು ಕಣ ಇಂಗಾಲ ಒಳಬರುವಷ್ಟರಲ್ಲಿ ನೀರಿನ ನೂರಾರು ಕಣ ಹೊರಬಿದ್ದಿರುತ್ತವೆ. ತೆರೆದರೆ ನೀರು ಹೋಯಿತು, ಮುಚ್ಚಿದರೆ ಅನ್ನ ಹೋಯಿತು. ಗಿಡವನ್ನು ದುಂದುಗಾರ ಎಂದೆವು. ಅದು ದುಂದಲ್ಲ, ಅನ್ನಕ್ಕೆ ಕೊಟ್ಟ ಬೆಲೆ. ಇನ್ನೊಂದು ಉಪಕಾರವೂ ಉಂಟು: ಆರುವ ನೀರು ಎಲೆಯ ಕಾವನ್ನು ಹೊತ್ತುಕೊಂಡು ಹೋಗುತ್ತದೆ. ಮಣ್ಣಿನ ಗಡಿಗೆಯಲ್ಲಿ ನೀರು ತಂಪಾಗುತ್ತದಲ್ಲ, ಅದೇ ಪರಿ.

ಬಾಗಿಲಿನ ಅಗುಳಿ ಹೇಗಿದೆ ಎಂದರೆ, ಪ್ರತಿ ರಂಧ್ರಕ್ಕೂ ಎರಡು ಕಾವಲು ಕೋಶಗಳಿವೆ. ಎರಡು ತುಟಿ ಇದ್ದ ಹಾಗೆ. ರಂಧ್ರದ ಕಡೆಗೆ ಅವುಗಳ ಗೋಡೆ ದಪ್ಪ, ಆಚೆ ಕಡೆಗೆ ತೆಳು. ಸೈಕಲ್ ಟ್ಯೂಬಿನ ಒಂದು ಮಗ್ಗುಲಿಗೆ ದಪ್ಪ ತೇಪೆ ಹಚ್ಚಿ ಗಾಳಿ ತುಂಬಿರಿ. ತೇಪೆಯ ಕಡೆ ಹಿಗ್ಗಲಾರದೆ ಟ್ಯೂಬು ಬಾಗುತ್ತದೆ. ಹಾಗೆಯೇ ಈ ಕೋಶಗಳಲ್ಲಿ ನೀರು ತುಂಬಿದಾಗ ಎರಡೂ ಹೊರಕ್ಕೆ ಬಾಗಿ ನಡುವೆ ಬಾಯಿ ಬಿಡುತ್ತದೆ. ನೀರು ಇಳಿದಾಗ ಜೋತುಬಿದ್ದು ಬಾಯಿ ಮುಚ್ಚುತ್ತದೆ. ನೀರನ್ನು ಒಳಕ್ಕೆ ಎಳೆಯಲು ಆ ಕೋಶ ಮೊದಲು ಪೊಟ್ಯಾಷ್ ಲವಣವನ್ನು ಎಳೆದುಕೊಳ್ಳುತ್ತದೆ. ಉಪ್ಪಿದ್ದ ಕಡೆಗೆ ನೀರು ಬರುವುದು ಉಪ್ಪಿನಕಾಯಿ ಹಾಕುವ ತಾಯಂದಿರಿಗೆ ಗೊತ್ತು. ನೀವು ಚೀಲದಲ್ಲಿ ತರುವ ಪೊಟ್ಯಾಷ್ ಗೊಬ್ಬರದ ಒಂದು ಕೆಲಸ ಇದೇ. ಪೊಟ್ಯಾಷ್ ಕಡಿಮೆಯಾದ ಗಿಡ ಬಾಗಿಲನ್ನು ಹೊತ್ತಿಗೆ ಸರಿಯಾಗಿ ತೆರೆಯಲಾರದು, ಮುಚ್ಚಲೂ ಆರದು. ಎರಿಭೂಮಿಯಲ್ಲಿ ಅದು ಸಾಮಾನ್ಯವಾಗಿ ಸಾಕಷ್ಟಿರುತ್ತದೆ. ಕೆಂಪು ಮಸಾರಿಯವರು ಮಣ್ಣು ಪರೀಕ್ಷೆ ಮಾಡಿಸಿ ನೋಡುವುದು ಒಳ್ಳೆಯದು. ಯೂರಿಯಾಕ್ಕೆ ಸಾಲು ಹಚ್ಚಿ ನಿಲ್ಲುವವರು ಇದರ ಕಡೆ ತಿರುಗಿ ನೋಡುವುದಿಲ್ಲ.

ಎಲ್ಲ ಗಿಡಗಳೂ ಒಂದೇ ಬೆಲೆ ಕೊಡುವುದಿಲ್ಲ. ಅಮೆರಿಕದ ಕೊಲರಾಡೊ ಸೀಮೆಯ ಏಕ್ರನ್ ಎಂಬ ಊರಿನಲ್ಲಿ ಬ್ರಿಗ್ಸ್ ಮತ್ತು ಶಾಂಟ್ಸ್ ಎಂಬ ಇಬ್ಬರು 1911ರಿಂದ ಕೆಲವು ವರ್ಷ ಇದನ್ನೇ ಅಳೆದರು. ಒಂದು ಕಿಲೋ ಒಣ ಬೆಳೆ, ಕಾಳು, ಸೊಪ್ಪೆ ಎಲ್ಲ ಸೇರಿ, ಬರಬೇಕಾದರೆ ಎಷ್ಟು ನೀರು ಎಲೆಯಿಂದ ಹೋಗುತ್ತದೆ? ಜೋಳಕ್ಕೆ 322 ಲೀಟರ್. ಗೋವಿನಜೋಳಕ್ಕೆ 368. ಹತ್ತಿಗೆ 646. ಭತ್ತಕ್ಕೆ 710. ಕೊಡಕ್ಕೆ ಹದಿನೈದು ಲೀಟರ್ ಹಿಡಿದರೆ ಜೋಳಕ್ಕೆ ಇಪ್ಪತ್ತೊಂದು ಕೊಡ, ಭತ್ತಕ್ಕೆ ನಲವತ್ತೇಳು ಕೊಡ. ಅದು ಅಲ್ಲಿಯ ಒಣ ಹವೆಯ ಲೆಕ್ಕ. ನಮ್ಮ ಮಳೆಗಾಲದ ತೇವದಲ್ಲಿ ಅಂಕಿ ಇಳಿಯುತ್ತದೆ. ಆದರೆ ಒಂದಕ್ಕೊಂದು ಹೋಲಿಕೆ ಬಹಳ ಮಟ್ಟಿಗೆ ಹಾಗೆಯೇ ನಿಲ್ಲುತ್ತದೆ. ಹಿರಿಯರು ಪುಸ್ತಕ ಓದದೆಯೂ ಇದನ್ನು ತಿಳಿದಿದ್ದರು. ಹಾನಗಲ್ಲ ಮಲೆನಾಡಿನ ಸೆರಗು, ಅಲ್ಲಿ ಕೆರೆಗಳಿವೆ, ಧರ್ಮಾ ಕಾಲುವೆ ಇದೆ, ಅಲ್ಲಿ ಭತ್ತ ಹಚ್ಚಿದರು. ಸವಣೂರಿನ ಬಯಲಿಗೆ ಜೋಳ ಬಿತ್ತಿದರು.

ಜೋಳದ ಜಾಣತನ ನೋಡಿರಿ. ಗಾಳಿಯಲ್ಲಿನ ಇಂಗಾಲವನ್ನು ಹಿಡಿಯಲು ಅದರ ಎಲೆಯೊಳಗೆ ಬೇರೆ ಗಿಡಗಳಿಗಿಲ್ಲದ ಒಂದು ಚುರುಕಾದ ಏರ್ಪಾಡು ಇದೆ. ಬಾಗಿಲು ತುಸುವೇ ತೆರೆದರೂ ಬೇಕಾದಷ್ಟು ಎಳೆದುಕೊಳ್ಳುತ್ತದೆ. ಗೋವಿನಜೋಳಕ್ಕೂ ಕಬ್ಬಿಗೂ ಇದು ಇದೆ, ಭತ್ತಕ್ಕಿಲ್ಲ, ಹತ್ತಿಗಿಲ್ಲ. ಜೋಳದ ದಂಟಿನ ಮೇಲೆ, ಎಲೆಯ ಬುಡದ ಮೇಲೆ ಬಿಳಿ ಹಿಟ್ಟು ಸವರಿದ ಹಾಗೆ ಕಾಣುತ್ತದಲ್ಲ? ಅದು ಮೇಣ. ಬಾಗಿಲು ಮುಚ್ಚಿದ ಮೇಲೆ ಗೋಡೆಯಿಂದ ನೀರು ಜಿನುಗದ ಹಾಗೆ ಮಾಡಿದ ಗಿಲಾವು. ಬಿಸಿಲು ಏರಿದರೆ ಎಲೆಯನ್ನು ಸುರುಳಿ ಸುತ್ತಿಕೊಂಡು ಬಾಗಿಲನ್ನು ಒಳಗೆ ಮರೆಮಾಡುತ್ತದೆ.

ಎಲೆಬಳ್ಳಿಗೆ ಈ ಯಾವ ವಿದ್ಯೆಯೂ ಅಷ್ಟಾಗಿ ಇಲ್ಲ. ಅದು ನೆರಳಿನ ಕಾಡಿನ ಬಳ್ಳಿ. ಅದಕ್ಕೆ ಒಕ್ಕಲಿಗನೇ ಹವೆಯನ್ನು ಕಟ್ಟಿಕೊಡಬೇಕು. ಅಗಸೆ, ನುಗ್ಗೆ, ಹಾಲಿವಾಣ ಹಚ್ಚಿ, ಬೇಲಿ ಕಟ್ಟಿ, ಗಾಳಿ ಹಾಯದಂತೆ ಮಾಡಿ, ಕಾಲುವೆಯಲ್ಲಿ ನೀರು ನಿಲ್ಲಿಸುತ್ತಾರೆ. ತೋಟದೊಳಗೆ ಕಾಲಿಟ್ಟರೆ ಮೈಗೆ ಹಸಿ ಹವೆ ತಾಗುತ್ತದೆ. ಹೊರಗೆ ಹಸಿ ಇದ್ದಷ್ಟೂ ಒಳಗಿನ ನೀರು ಹೊರಗೋಡುವುದು ಕಡಿಮೆ. ಬಳ್ಳಿ ನಿಶ್ಚಿಂತೆಯಿಂದ ಬಾಗಿಲು ತೆರೆದು ಉಣ್ಣುತ್ತದೆ. ಎಲೆ ಕೊಯ್ದು ಕಟ್ಟು ಕಟ್ಟಿ ಹಸಿ ಬಾಳೆಯಲ್ಲಿ ಸುತ್ತುವುದರಲ್ಲಿಯೂ ಇದೇ ಮರ್ಮ.

ಇದಕ್ಕೆ ತೀರ ವಿರುದ್ಧ ಹೊಲದ ಬದುವಿನ ಕಳ್ಳಿ, ಕತ್ತಾಳೆ. ಅವು ಹಗಲೆಲ್ಲ ಬಾಗಿಲು ಹಾಕಿಕೊಂಡು ಕೂಡುತ್ತವೆ. ರಾತ್ರಿ ತಂಪಿನಲ್ಲಿ ತೆರೆದು ಇಂಗಾಲವನ್ನು ಹುಳಿಯ ರೂಪದಲ್ಲಿ ಕೂಡಿಟ್ಟುಕೊಂಡು, ಹಗಲು ಬಾಗಿಲು ಮುಚ್ಚಿ ಬಿಸಿಲಿನಲ್ಲಿ ಅಡಿಗೆ ಮಾಡಿಕೊಳ್ಳುತ್ತವೆ. ಈ ಗುಟ್ಟಿನ ಸುಳಿವು ಸಿಕ್ಕಿದ್ದು ನಾಲಿಗೆಗೆ, ಅದೂ ನಮ್ಮ ದೇಶದಲ್ಲಿ. ಮೈಸೂರು ಸೀಮೆಯ ಸರ್ವೆಯಲ್ಲಿ ಕೆಲಸ ಮಾಡಿದ್ದ ಬೆಂಜಮಿನ್ ಹೈನೆ ಎಂಬ ಸಸ್ಯಶಾಸ್ತ್ರಜ್ಞ ಕಾಡುಬಸಳೆಯ ಎಲೆಯನ್ನು ಬೇರೆ ಬೇರೆ ಹೊತ್ತಿನಲ್ಲಿ ಜಗಿದು ನೋಡಿದ. ಮುಂಜಾನೆ ಹುಳಿ, ಮಧ್ಯಾಹ್ನಕ್ಕೆ ಸಪ್ಪೆ, ಸಂಜೆಗೆ ತುಸು ಕಹಿ. 1813ರಲ್ಲಿ ಹಾಗೆಂದು ಲಂಡನ್ನಿಗೆ ಪತ್ರ ಬರೆದ. ರಾತ್ರಿ ಕೂಡಿಟ್ಟ ಹುಳಿ ಹಗಲು ಕರಗುತ್ತದೆ ಎಂಬುದು ಬಹಳ ವರ್ಷದ ಮೇಲೆ ತಿಳಿಯಿತು. ನೀವು ಇದನ್ನು ಪರೀಕ್ಷಿಸಲು ಹೋಗಿ ಕಳ್ಳಿಯನ್ನು ಬಾಯಿಗೆ ಹಾಕಬೇಡಿರಿ. ಅದರ ಹಾಲು ಕೆಟ್ಟದ್ದು. ಕಳ್ಳಿಗೆ ನೀರಿನ ಚಿಂತೆ ತೀರಿತು, ಆದರೆ ಅದು ಬೆಳೆಯುವುದು ಎಷ್ಟು? ವರ್ಷಕ್ಕೆ ಒಂದು ಗೇಣು. ಕಳ್ಳಿಯ ಹಾಗೆ ಬಾಳಿದರೆ ಜೋಳ ತೆನೆ ಕಟ್ಟಲಾರದು.

ಈಗ ನಿಮ್ಮ ಹೊಟ್ಟೆಪಾಡಿನ ಮಾತಿಗೆ ಬರುತ್ತೇನೆ. ನೆಲ ಒಣಗಿದ್ದು ಎಲೆಗೆ ಹೇಗೆ ಗೊತ್ತಾಗುತ್ತದೆ? ಎಲೆಗೆ ನೀರು ಸಾಲದೆ ಹೋದಾಗ ತಾನೇ ತಿಳಿಯುತ್ತದೆ ಎಂದು ಬಹಳ ಕಾಲ ತಿಳಿದಿದ್ದರು. 1985ರಲ್ಲಿ ಇಂಗ್ಲೆಂಡಿನ ಲ್ಯಾಂಕಾಸ್ಟರಿನಲ್ಲಿ ಬ್ಲ್ಯಾಕ್‌ಮನ್ ಮತ್ತು ಡೇವಿಸ್ ಎಂಬವರು ಗೋವಿನಜೋಳದ ಸಸಿಯ ಬೇರನ್ನು ಎರಡು ಭಾಗ ಮಾಡಿ ಎರಡು ಕುಂಡದಲ್ಲಿ ಇಳಿಸಿದರು. ಒಂದು ಕುಂಡಕ್ಕೆ ನೀರು ಕೊಟ್ಟರು, ಇನ್ನೊಂದನ್ನು ಒಣಗಲು ಬಿಟ್ಟರು. ಹಸಿ ಕುಂಡದ ಬೇರಿನಿಂದ ಎಲೆಗೆ ನೀರು ಸಾಕಷ್ಟು ಬರುತ್ತಿತ್ತು. ಎಲೆ ಬಾಡಿರಲಿಲ್ಲ. ಆದರೂ ಅದು ಬಾಗಿಲನ್ನು ಕಿರಿದು ಮಾಡಿಕೊಂಡಿತು! ಒಣ ಕುಂಡದ ಬೇರು ಮೊದಲೇ ಹೇಳಿಕಳಿಸಿತ್ತು. ಇಂಥ ಸುದ್ದಿಯನ್ನು ಗಿಡದಲ್ಲಿ ಮುಖ್ಯವಾಗಿ ಒಯ್ಯುವುದು ಅಬ್ಸಿಸಿಕ್ ಆಮ್ಲ ಎಂಬ ರಸ. ಅದು ಕಾವಲು ಕೋಶವನ್ನು ಮುಟ್ಟಿದೊಡನೆ ಕೋಶ ತನ್ನ ಪೊಟ್ಯಾಷನ್ನು ಹೊರಹಾಕುತ್ತದೆ, ನೀರು ಇಳಿಯುತ್ತದೆ, ಬಾಗಿಲು ಮುಚ್ಚುತ್ತದೆ. ಮನೆಯಲ್ಲಿ ಕಣಜದ ತಳ ಕಂಡ ಹಿರಿಯಳು, ಉಣ್ಣುವವರಿಗೆ ಹೇಳುವ ಮೊದಲೇ ಸೇರನ್ನು ಸಣ್ಣದು ಮಾಡುತ್ತಾಳಲ್ಲ, ಹಾಗೆ.

ಇದರಿಂದ ತಿಳಿಯುವುದೇನು? ಎಲೆ ಬಾಡಿದ ಮೇಲೆ ಬೆಳೆಗೆ ಕಷ್ಟ ಬಂತು ಎನ್ನುತ್ತೀರಿ. ಅದಕ್ಕೆ ಎಷ್ಟೋ ದಿನ ಮೊದಲೇ ಕಷ್ಟ ಬಂದಿರುತ್ತದೆ. ಎಲೆ ಹಸಿರಾಗಿಯೇ ಇರುತ್ತದೆ, ನೆಟ್ಟಗೆ ನಿಂತಿರುತ್ತದೆ, ಆದರೆ ಬಾಗಿಲು ಹಾಕಿಕೊಂಡು ಉಪವಾಸ ಕುಳಿತಿರುತ್ತದೆ. ಹಸಿರಾಗಿರುವುದು ಬೇರೆ, ಉಣ್ಣುತ್ತಿರುವುದು ಬೇರೆ. ಈ ಒಂದು ಮಾತಿಗಾಗಿಯೇ ಇಷ್ಟೊತ್ತು ನಿಮ್ಮನ್ನು ಕೂಡ್ರಿಸಿದ್ದು.

2023ನೆಯ ಇಸವಿ ನೆನಪಿದೆಯಲ್ಲ? ಜೂನ್ ಕೈಕೊಟ್ಟಿತು. ಜುಲೈಯಲ್ಲಿ ಸುರಿಯಿತು. ಆಶ್ಲೇಷಾ, ಮಘಾ ಸುಮ್ಮನೆ ಹೋದವು. 1901ರಿಂದ ಲೆಕ್ಕ ಇಡಲು ಹತ್ತಿದ ಮೇಲೆ ದೇಶದಲ್ಲಿ ಅಷ್ಟು ಒಣ ಆಗಸ್ಟ್ ಬಂದದ್ದೇ ಇಲ್ಲ. ಮುಂದೆ ಸರಕಾರ ರಾಜ್ಯದ 236 ತಾಲ್ಲೂಕುಗಳಲ್ಲಿ 223ನ್ನು ಬರಪೀಡಿತ ಎಂದು ಸಾರಿತು. ಅಂಥ ವರ್ಷ ಗೋವಿನಜೋಳದ ಹೊಲದಲ್ಲಿ ಏನಾಗುತ್ತದೆ? ಹೊತ್ತು ಏರುವುದರೊಳಗೆ ಎಲೆ ಸುರುಳಿ ಸುತ್ತುತ್ತದೆ, ಸಂಜೆ ಬಿಚ್ಚುತ್ತದೆ. ದಾರಿಯಲ್ಲಿ ಹೋಗುವವನು ನೋಡಿ, ಪರವಾಗಿಲ್ಲ, ಬೆಳೆ ಜೀವ ಹಿಡಿದಿದೆ ಎನ್ನುತ್ತಾನೆ. ಜೀವ ಹಿಡಿದಿರುವುದು ನಿಜ. ಆದರೆ ಸೂಲಂಗಿ ಒಡೆದು ತೆನೆಗೆ ಕೂದಲು ಬರುವ ಹೊತ್ತಿಗೆ ಹಿಂದೆ ಮುಂದೆ ಎರಡು ವಾರ ಆ ಗಿಡ ಉಪವಾಸ ಬಿದ್ದರೆ ಕೂದಲು ತಡವಾಗುತ್ತದೆ, ಹೂಪುಡಿ ಅಷ್ಟರಲ್ಲಿ ಉದುರಿಹೋಗಿರುತ್ತದೆ. ತೆನೆ ಬಿಚ್ಚಿದರೆ ಅಲ್ಲೊಂದು ಇಲ್ಲೊಂದು ಕಾಳು. ಆಮೇಲೆ ಮಳೆ ಬಂದು ಎಲೆ ಎಷ್ಟು ನಳನಳಿಸಿದರೂ ಅದು ಬರೀ ಮೇವು. ಸಾಲ ತಂದು ಬೀಜ ಗೊಬ್ಬರ ಹಾಕಿದವನಿಗೆ ಮೇವಿನಿಂದ ಸಾಲ ತೀರುತ್ತದೆಯೆ?

ಆದ್ದರಿಂದ ಬಣ್ಣ ನೋಡಬೇಡಿರಿ, ಮುಟ್ಟಿ ನೋಡಿರಿ. ಮಧ್ಯಾಹ್ನ ಎರಡರ ಸುಮಾರಿಗೆ ಹೊಲಕ್ಕೆ ಹೋಗಿ ಬಿಸಿಲಿಗೆ ಮೈಯೊಡ್ಡಿದ ಎಲೆಯನ್ನು ಎರಡು ಅಂಗೈ ನಡುವೆ ಹಿಡಿಯಿರಿ. ಬಾಗಿಲು ತೆರೆದ ಎಲೆ ತಣ್ಣಗಿರುತ್ತದೆ, ನೀರು ಆರುತ್ತಿರುತ್ತದೆ. ಬಾಗಿಲು ಹಾಕಿಕೊಂಡ ಎಲೆ ಬೆಚ್ಚಗಾಗಿರುತ್ತದೆ. ಮೊದಲು ನೀರುಂಡ ಗಿಡದ ಎಲೆ, ಆಮೇಲೆ ಒಣ ಮಡಿಯ ಎಲೆ ಹಿಡಿದು ನಾಲ್ಕಾರು ದಿನ ರೂಢಿ ಮಾಡಿಕೊಂಡರೆ ಕೈಗೆ ಗೊತ್ತಾಗುತ್ತದೆ. ವಿಜ್ಞಾನಿಗಳು ಇದನ್ನೇ ಕಾವು ಅಳೆಯುವ ಕ್ಯಾಮರಾದಿಂದ ನೋಡುತ್ತಾರೆ. ಕೃಷಿಹೊಂಡದಲ್ಲಿ ಒಂದೇ ಒಂದು ನೀರಿಗೆ ಸಾಕಾಗುವಷ್ಟಿದ್ದರೆ ಅದನ್ನು ಸೂಲಂಗಿಯ ಹೊತ್ತಿಗೆ ಕಾಯ್ದಿಡಿರಿ. ತಿಂಗಳ ಪೈರು ತುಸು ಬಾಡಿತೆಂದು ಅಳುಕಿ ಆಗಲೇ ಖರ್ಚು ಮಾಡಬೇಡಿರಿ.

ಒಣ ಬೇರು ಸುದ್ದಿ ಕಳಿಸುತ್ತದೆ ಎಂದೆನಲ್ಲ, ಅದನ್ನೇ ಹಿಡಿದು ಒಂದು ಹದ ಮಾಡಿದ್ದಾರೆ. ಬೋದಿನ ಹೊಲದಲ್ಲಿ ಸಾಲು ಬಿಟ್ಟು ಸಾಲಿಗೆ ನೀರು ಹಾಯಿಸುವುದು. ಮುಂದಿನ ಸಲ ಬಿಟ್ಟ ಸಾಲಿಗೆ. ಗಿಡದ ಅರ್ಧ ಬೇರು ಹಸಿ, ಅರ್ಧ ಬೇರು ಒಣ. ಹಸಿ ಬೇರು ನೀರು ಕೊಡುತ್ತದೆ, ಒಣ ಬೇರು ಎಚ್ಚರಿಕೆ ಕೊಡುತ್ತದೆ. ಎಲೆ ಬಾಗಿಲನ್ನು ಪೂರ್ತಿ ಮುಚ್ಚದೆ ತುಸು ಓರೆ ಮಾಡುತ್ತದೆ. ಓರೆ ಮಾಡಿದಾಗ ನೀರಿನ ನಷ್ಟ ಇಳಿದಷ್ಟು ಅನ್ನದ ಗಳಿಕೆ ಇಳಿಯುವುದಿಲ್ಲ. ಚೀನಾದಲ್ಲಿ ಗೋವಿನಜೋಳದ ಹೊಲಗಳಲ್ಲಿ ಇದನ್ನು ಮಾಡಿ ನೀರು ಉಳಿಸಿದ್ದಾರೆ. ಒಂದೇ ಎಚ್ಚರ: ಸಾಲು ಬದಲಿಸುವುದನ್ನು ಮರೆಯಬಾರದು. ಒಂದೇ ಮಗ್ಗುಲು ಬಹಳ ದಿನ ಒಣಗಿದರೆ ಆ ಬೇರು ಸುದ್ದಿ ಕಳಿಸುವುದನ್ನೂ ನಿಲ್ಲಿಸುತ್ತದೆ. ಇದೆಲ್ಲ ನೀರು ಕೈಯಲ್ಲಿದ್ದವರ ಮಾತಾಯಿತು. ಮಳೆಯನ್ನೇ ನಂಬಿದವರು ಎಡೆಕುಂಟೆ ಹೊಡೆದು ಎರಿಯ ಬಿರುಕು ಮುಚ್ಚಿ, ಸಾಲಿನ ನಡುವೆ ಸೊಪ್ಪು ಕಸ ಹಾಸಿ, ನೀರು ನೆಲದಿಂದ ವ್ಯರ್ಥವಾಗಿ ಆರದಂತೆ ನೋಡಿಕೊಂಡರೆ ಎಲೆಯ ಪಾಲಿಗೆ ನಾಲ್ಕು ದಿನ ಹೆಚ್ಚು ಸಿಕ್ಕೀತು.

ಸವಣೂರಿನ ಮರದ ವಿಷಯ ಎತ್ತದೆ ಮುಗಿಸಿದರೆ ಅಲ್ಲಿಯ ಭಕ್ತರು ಬಿಡಲಿಕ್ಕಿಲ್ಲ. ದೊಡ್ಡಹುಣಸೆ ಕಲ್ಮಠದ ಅಂಗಳದಲ್ಲಿನ ಮೂರು ಮರಗಳನ್ನು ನೋಡದವರು ಈ ನಾಲ್ಕು ತಾಲ್ಲೂಕಿನಲ್ಲಿ ಕಡಿಮೆ. ಹೆಸರು ದೊಡ್ಡಹುಣಸೆ, ಆದರೆ ಜಾತಿ ಹುಣಸೆಯಲ್ಲ. ಕಾಯೊಳಗಿನ ತಿರುಳು ಹುಳಿ ಎಂದು ಆ ಹೆಸರು ಬಂತು. ಆಫ್ರಿಕಾ ಮೂಲದ ಮರ, ಬೇರೆ ಕಡೆ ಬಾವೊಬಾಬ್ ಎನ್ನುತ್ತಾರೆ. ಎಲೆ ಅಂಗೈಯ ಬೆರಳು ಬಿಡಿಸಿದ ಹಾಗೆ. ಬುಡದ ಸುತ್ತಳತೆ ಹತ್ತು ಮೀಟರಿಗೂ ಮೇಲೆ. ವಯಸ್ಸನ್ನು ಜನ ಸಾವಿರದ ಲೆಕ್ಕದಲ್ಲಿ ಹೇಳುತ್ತಾರೆ. ಆ ವಾದ ಇವತ್ತು ಬೇಡ. 2023ರ ಜುಲೈಯ ಮಳೆಗಾಳಿಯಲ್ಲಿ ಮೂರರಲ್ಲಿ ಒಂದು ಮರ ಬುಡಸಮೇತ ಬಿತ್ತು. ಮನೆಯ ಹಿರಿಯರು ಬಿದ್ದಂತೆ ಜನ ಮರುಗಿದರು. ಅದೇ ತಿಂಗಳು ಯಂತ್ರಗಳನ್ನು ತಂದು ಅದನ್ನು ಎತ್ತಿ ಮತ್ತೆ ನೆಟ್ಟರು. ನೆಟ್ಟ ಮೇಲೆ ಬಂದದ್ದು ಆ ಒಣ ಆಗಸ್ಟ್.

ಈ ಮರ ಬೇಸಗೆಯನ್ನು ಕಳೆಯುವ ರೀತಿಯೇ ಬೇರೆ. ಬಾಗಿಲು ಮುಚ್ಚಿ ಕೂಡುವುದಲ್ಲ, ಬಾಗಿಲು ಚೌಕಟ್ಟು ಸಹಿತ ಕಿತ್ತು ಚೆಲ್ಲುವುದು. ಒಣಗಾಲ ಬಂದೊಡನೆ ಎಲೆಯನ್ನೆಲ್ಲ ಉದುರಿಸಿ ತಿಂಗಳುಗಟ್ಟಲೆ ಬೋಳಾಗಿ ನಿಲ್ಲುತ್ತದೆ. ಅದರ ಕಟ್ಟಿಗೆ ಮೆತ್ತಗೆ, ತುಂಬ ನೀರು. ಇಷ್ಟು ನೀರನ್ನು ಏತಕ್ಕೆ ಕೂಡಿಟ್ಟಿದೆ? ಬೇಸಗೆಯಲ್ಲಿ ಎಲೆಯ ಬಾಗಿಲು ತೆರೆದು ಖರ್ಚು ಮಾಡಲೆಂದೇ ಎಂದು ಯಾರಾದರೂ ಹೇಳಿಯಾರು. ಮಡಗಾಸ್ಕರ್ ದ್ವೀಪದಲ್ಲಿ ಈ ಮರದ ದಾಯಾದಿಗಳಿವೆ. ಅವುಗಳನ್ನು ಅಳೆದು ನೋಡಿದವರು 2006ರಲ್ಲಿ ಬೇರೆಯೇ ಹೇಳಿದರು. ಮಳೆಗೆ ಮೊದಲೇ ಮರ ಕಾಂಡದ ನೀರಿನಿಂದ ಹೊಸ ಎಲೆ ಬಿಡುತ್ತದೆ. ಎಲೆ ಬಂದರೂ ಬಾಗಿಲನ್ನು ಹೆಚ್ಚುಕಡಿಮೆ ಮುಚ್ಚಿಯೇ ಇಟ್ಟಿರುತ್ತದೆ. ಮಳೆ ಬಿದ್ದು ಬೇರಿಗೆ ನೀರು ಸಿಕ್ಕ ಮೇಲೆಯೇ ತೆರೆಯುವುದು. ಕೂಡಿಟ್ಟದ್ದು ಅಂಗಡಿ ಕಟ್ಟಲಿಕ್ಕೆ, ದಿನದ ವ್ಯಾಪಾರಕ್ಕಲ್ಲ. ಮೆತ್ತಗಿನ ಆ ಕಾಂಡ ನೆಟ್ಟಗೆ ನಿಲ್ಲುವುದೂ ಒಳಗಿನ ನೀರಿನ ಬಿಗುಪಿನಿಂದ. ಅದನ್ನು ಬರಿದು ಮಾಡಿಕೊಂಡರೆ ನಿಲ್ಲುವ ತ್ರಾಣವೇ ಹೋದೀತು.

ಹಾಗಾಗಿ ಎತ್ತಿ ನೆಟ್ಟ ಇಂಥ ಮರದಲ್ಲಿ ಚಿಗುರು ಕಂಡೊಡನೆ, ಬೇರು ಹತ್ತಿತು, ಇನ್ನು ಚಿಂತೆಯಿಲ್ಲ ಎನ್ನಬಾರದು. ಚಿಗುರು ಕಾಂಡದ ಹಳೆಯ ಗಂಟಿನಿಂದ ಬರಬಹುದು. ಬೇರು ಹರಿದ ಮರಕ್ಕೆ ಆದಾಯ ನಿಂತಿರುತ್ತದೆ, ಗಂಟು ಮಾತ್ರ ಇರುತ್ತದೆ. ಮರವನ್ನು ಕಿತ್ತು ನೆಡುವವರು ಮೊದಲು ಕೊಂಬೆ ಸವರುವುದು ಇದಕ್ಕೇ. ಬೇರು ಎಷ್ಟು ಉಳಿಯಿತೋ ಅಷ್ಟಕ್ಕೆ ತಕ್ಕಷ್ಟು ಎಲೆ ಇರಲಿ ಎಂದು. ಮೆಣಸಿನ ಸಸಿಯನ್ನು ನೀವು ಸಂಜೆಯ ಹೊತ್ತು ನೋಡಿ ಹಚ್ಚುತ್ತೀರಿ, ಹಾನಗಲ್ಲ ಕಡೆ ಭತ್ತದ ಸಸಿ ಉದ್ದವಾಗಿದ್ದರೆ ತುದಿ ಚಿವುಟಿ ನಾಟಿ ಮಾಡುತ್ತಾರೆ. ಲೆಕ್ಕ ಒಂದೇ. ಬೇರು ಹತ್ತಿತೋ ಇಲ್ಲವೋ ಎಂಬುದು ಎಲೆ ಬಂದ ದಿನ ಗೊತ್ತಾಗುವುದಿಲ್ಲ. ಮಳೆಗಾಲದ ನಡುವೆ ಹದಿನೈದು ದಿನ ಬಿಸಿಲು ಬಿದ್ದಾಗ ಆ ಎಲೆ ತಣ್ಣಗೆ ನಿಂತಿತೆ, ಅಗಲವಾಗಿ ಬೆಳೆಯಿತೆ, ವರ್ಷದಿಂದ ವರ್ಷಕ್ಕೆ ರೆಂಬೆ ಉದ್ದವಾಯಿತೆ ಎಂದು ನೋಡಬೇಕು. ಇದು ಎರಡು ಮೂರು ವರ್ಷದ ಪರೀಕ್ಷೆ.

ಭಕ್ತಿಯಿಂದ ಹೋಗುವವರಿಗೆ ಒಂದು ಮಾತು. ಬುಡಕ್ಕೆ ದಿನಾ ಕೊಡಗಟ್ಟಲೆ ನೀರು ಸುರಿಯಬೇಡಿರಿ. ಮೆತ್ತಗಿನ ಬೇರಿಗೆ ನೀರು ನಿಂತರೆ ಕೊಳೆ ಹತ್ತುತ್ತದೆ. ನೋಡಿಕೊಳ್ಳುವವರಿಗೆ ಯಾವಾಗ ಎಷ್ಟು ಕೊಡಬೇಕೆಂಬುದು ಗೊತ್ತಿರುತ್ತದೆ. ಬುಡದ ಸುತ್ತ ಮಣ್ಣು ತುಳಿದು ಗಟ್ಟಿ ಮಾಡಬೇಡಿರಿ, ಎಳೆಬೇರಿಗೆ ಗಾಳಿ ಬೇಕು. ತೊಗಟೆಯ ಮೇಲೆ ಹೆಸರು ಕೆತ್ತುವ ಹುಡುಗರಿಗೆ ಹೇಳಿರಿ, ತೊಗಟೆಯ ಕೆಳಗೆ ತೆಳುವಾದ ಹಸಿರು ಪದರವಿದೆ, ಎಲೆ ಇಲ್ಲದ ತಿಂಗಳುಗಳಲ್ಲಿ ಮರಕ್ಕೆ ಅಷ್ಟಿಷ್ಟು ಅನ್ನ ಸಿಗುವುದು ಅಲ್ಲಿಯೇ. ದೂರದಿಂದ ಕೈಮುಗಿದು, ಎಟುಕುವ ಒಂದು ಎಲೆ ಇದ್ದರೆ ಮಧ್ಯಾಹ್ನದ ಬಿಸಿಲಿನಲ್ಲಿ ಕೀಳದೆ ಮುಟ್ಟಿ ನೋಡಿ ಬನ್ನಿರಿ. ತಣ್ಣಗಿತ್ತೋ ಬೆಚ್ಚಗಿತ್ತೋ, ಬಂದು ನಮಗೂ ಹೇಳಿರಿ.